ಹಾರ್ಡಿ ಕ್ರೂಗರ್: ಸಮವಸ್ತ್ರದಿಂದ ಲೇಖನಿಯತ್ತ

ಜರ್ಮನ್ ಚಿತ್ರನಟ, ಲೇಖಕ ಹಾರ್ಡಿ ಕ್ರೂಗರ್ 1928ರಲ್ಲಿ ಬರ್ಲಿನ್‌ನಲ್ಲಿ ಜನಿಸಿದರು. ಓದಿದ್ದು ಹಿಟ್ಲರನ ಹೆಸರಿನ ವಸತಿಶಾಲೆಯಲ್ಲಿ. 1944ರಲ್ಲಿ ನಾಜಿ ಪ್ರಚಾರಚಿತ್ರವೊಂದರ ಮೂಲಕ ತೆರೆಗೆ ಬಂದ ಅವರಿಗೆ ಆ ಆಡಳಿತದ ಕ್ರೌರ್ಯವನ್ನು ಮನಗಾಣಿಸಿದವರು ಹಿರಿಯ ನಟ ಹಾನ್ಸ್ ಝೋನ್ಕರ್. ಮರುವರ್ಷ, 16ರ ಹರೆಯದಲ್ಲೇ, ಅವರನ್ನು ರಣರಂಗಕ್ಕೆ ಅಟ್ಟಲಾಯಿತು.

ಯುದ್ಧಾನಂತರ ಜಗತ್ತು ಅವರನ್ನು ಗುರುತಿಸಿದ್ದೂ ಸೈನಿಕನ ಪಾತ್ರದಿಂದಲೇ. ಬ್ರಿಟಿಷರ ಸೆರೆಯಿಂದ ಪಾರಾಗುವ ಜರ್ಮನ್ ವಿಮಾನ ಚಾಲಕನಾಗಿ ಅವರು ನಟಿಸಿದ ‘ದಿ ಒನ್ ದಟ್ ಗಾಟ್ ಅವೇ’ (1957) ಅಂತರರಾಷ್ಟ್ರೀಯ ಖ್ಯಾತಿ ತಂದಿತು. ‘ಹಟಾರಿ’ (1962) ಚಿತ್ರೀಕರಣಗೊಂಡ ಪೂರ್ವ ಆಫ್ರಿಕಾದ ಟಾಂಗನಿಕಾದಲ್ಲಿ ಜಮೀನು ಕೊಂಡು ನೆಲೆಸಿದ ಅವರು, ಆ ಬದುಕನ್ನು 1970ರಲ್ಲಿ ಪುಸ್ತಕವಾಗಿಸಿದರು. ಕಾದಂಬರಿ, ಪ್ರವಾಸಕಥನಗಳೂ ಹೊರಬಂದವು.

ನಟನ ಮಾತನ್ನು ಅನ್ಯರು ಬರೆಯುತ್ತಾರೆ. ಲೇಖಕನಾಗಿ ಕ್ರೂಗರ್ ತಮ್ಮ ಮಾತನ್ನೇ ಆಡಿದರು. ಇಳಿವಯಸ್ಸಿನಲ್ಲೂ ಬಲಪಂಥೀಯ ಹಿಂಸೆಯ ವಿರುದ್ಧ ಯುವಜನರನ್ನು ಎಚ್ಚರಿಸುತ್ತಿದ್ದ ಅವರು, 2022ರ ಜನವರಿಯಲ್ಲಿ 93ನೇ ವಯಸ್ಸಿನಲ್ಲಿ ನಿಧನರಾದರು.