ಅಟ್ಟ ಸೇರಿದ ವೀಣೆ ಕೆಳಗಿಳಿಯಲಿ!

‘ಮದುವೆಗೆ ಮುಂಚೆ ವೀಣೆ ಕಲೀತಿದ್ದೆ ಕಣ್ರೀ. ಮಕ್ಕಳಾದ ಮೇಲೆ ಎಲ್ಲಿಯ ವೀಣೆ? ಅಟ್ಟ ಸೇರಿದೆ...’

ಈ ಮಾತು ನಿಮ್ಮದೂ ಇರಬಹುದು. ವೀಣೆಯ ಜಾಗದಲ್ಲಿ ಚಿತ್ರಕಲೆಯೋ, ಭರತನಾಟ್ಯವೋ ಇದ್ದೀತು, ಅಷ್ಟೆ. ಹಾಗಿದ್ದರೆ ಅಮೆರಿಕದ ಡ್ರಮ್ಮರ್ ಮೋ ಟಕರ್ ಅವರ ಕಥೆ ಕೇಳಿ.

1944ರಲ್ಲಿ ಹುಟ್ಟಿದ ಮೋಗೆ ಡ್ರಮ್ ಕಲಿಸಿದ ಗುರುಗಳಿಲ್ಲ. ರೆಕಾರ್ಡ್ ಹಾಕಿಕೊಂಡು, ಅದರ ಜೊತೆ ಬಾರಿಸುತ್ತಲೇ ಕಲಿತರು. 1965ರಲ್ಲಿ ನ್ಯೂಯಾರ್ಕಿನ ‘ದಿ ವೆಲ್ವೆಟ್ ಅಂಡರ್‌ಗ್ರೌಂಡ್’ ತಂಡದ ಡ್ರಮ್ಮರ್ ದಿಢೀರನೆ ಬಿಟ್ಟುಹೋದಾಗ, ಸಹೋದರನ ಗೆಳೆಯನ ಮೂಲಕ ಇವರಿಗೆ ಅವಕಾಶ ಬಂತು. ಆಗ ರಾಕ್ ತಂಡಗಳಲ್ಲಿ ಹೆಣ್ಣುಮಗಳು ಡ್ರಮ್ ಬಾರಿಸುವುದೇ ಅಪರೂಪ. ಮೋ ಅಂತೂ ದೊಡ್ಡ ಡ್ರಮ್ಮನ್ನು ಅಡ್ಡ ಮಲಗಿಸಿ, ನಿಂತುಕೊಂಡೇ ಬಾರಿಸುತ್ತಿದ್ದರು! ಝಣಝಣ ಎನ್ನುವ ಸಿಂಬಲ್ ಬಳಸಿದ್ದೂ ಕಡಿಮೆ. ಆ ಸರಳ ಪೆಟ್ಟೇ ಅವರ ಗುರುತಾಯಿತು.

1970ರಲ್ಲಿ ತಂಡದ ‘ಲೋಡೆಡ್’ ಆಲ್ಬಂ ತಯಾರಾಗುವಾಗ ಮೋ ತುಂಬು ಗರ್ಭಿಣಿ. ಡ್ರಮ್ ಬಳಿ ಹೋಗಲಾಗಲಿಲ್ಲ, ಬೇರೆಯವರು ಬಾರಿಸಿದರು. ಹೆರಿಗೆಯಾದ ಮೇಲೆ ಕೆಲಕಾಲ ತಂಡಕ್ಕೆ ಮರಳಿದರೂ, ಆಮೇಲೆ ಸಂಸಾರವೇ ಪ್ರಪಂಚವಾಯಿತು. ಒಂದಲ್ಲ ಎರಡಲ್ಲ, ಐದು ಮಕ್ಕಳು!

ಕಥೆ ಅಲ್ಲಿಗೆ ಮುಗೀತು ಅಂದುಕೊಂಡಿರಾ? ಇಲ್ಲ. 1980ರ ದಶಕದ ಆರಂಭದಲ್ಲಿ ಮನೆಯಲ್ಲೇ ಒಂದೊಂದೇ ವಾದ್ಯವನ್ನು ತಾವೇ ನುಡಿಸಿ, ಟೇಪ್ ಮಾಡಿ ‘ಪ್ಲೇಯಿಂಗ್ ಪಾಸಮ್’ ಎಂಬ ಆಲ್ಬಂ ತಂದರು. ದೊಡ್ಡ ಕಂಪನಿಯ ಹಂಗಿಲ್ಲದ ಇಂಥ ಸಂಗೀತಕ್ಕೇ ‘ಇಂಡಿ’ ಎನ್ನುವುದು.

ಹಾಗಂತ ಬದುಕು ಹೂವಿನ ಹಾಸಿಗೆಯಾಗಲಿಲ್ಲ. ವಿಚ್ಛೇದನದ ನಂತರ ಮಕ್ಕಳೊಂದಿಗೆ ಜಾರ್ಜಿಯಾ ರಾಜ್ಯದಲ್ಲಿದ್ದಾಗ, ಮನೆ ನಡೆಸಲು ವಾಲ್‌ಮಾರ್ಟ್‌ನಲ್ಲಿ ದುಡಿದರು. ಆದರೆ ಕೈ ಬಾರಿಸುವುದನ್ನು ಮರೆಯಲಿಲ್ಲ. 1989ರ ಅವರ ಆಲ್ಬಂನಲ್ಲಿ ಹಳೆಯ ಸಂಗಾತಿ ಲೂ ರೀಡ್, ‘ಸೋನಿಕ್ ಯೂತ್’ ತಂಡದ ಕಲಾವಿದರು ಜೊತೆಯಾದರು. 1993ರಲ್ಲಿ ಹಳೆಯ ತಂಡ ಮತ್ತೆ ಒಂದಾಗಿ ಯುರೋಪ್ ಸುತ್ತಿತು. 1996ರಲ್ಲಿ ‘ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್’ ಗೌರವವೂ ಬಂತು.

ನಾವೇನು ಕಲಿಯಬಹುದು?

* ಪೂರ್ತಿ ಬಿಡುವು ಸಿಗಲಿ ಎಂದು ಕಾಯಬೇಡಿ, ಅದು ಸಿಗೋದೇ ಇಲ್ಲ! ದಿನಕ್ಕೆ ಅರ್ಧ ಗಂಟೆ ನಿಮ್ಮದೆಂದು ಮನೆಯವರಿಗೆಲ್ಲ ಹೇಳಿಬಿಡಿ.

* ಪ್ರತ್ಯೇಕ ಕೋಣೆ ಬೇಡ, ಹಾಲ್‌ನ ಒಂದು ಮೂಲೆ ಸಾಕು. ವಾದ್ಯ ಕಣ್ಣಿಗೆ ಬೀಳುವಂತಿರಲಿ.

* ಬೆರಳು ತಡವರಿಸಿದರೆ ನಾಚಿಕೆ ಬೇಡ. ನಿಮಗೆ ಬರುವಷ್ಟರಿಂದಲೇ ಶುರು ಮಾಡಿ.

* ಹಳೆಯ ಸಹಪಾಠಿಗೊಂದು ಫೋನ್ ಮಾಡಿ. ಇಬ್ಬರಿದ್ದರೆ ಅಭ್ಯಾಸ ತಪ್ಪುವುದಿಲ್ಲ.

ಸಂಸಾರಕ್ಕಾಗಿ ನಿಲ್ಲಿಸಿದ್ದು ತಪ್ಪೇನಲ್ಲ ಬಿಡಿ. ಆದರೆ ನಿಲ್ಲಿಸಿದ್ದು ಮುಗಿದುಹೋದಂತೆ ಅಲ್ಲ. ಇವತ್ತೇ ಅಟ್ಟಕ್ಕೆ ಏಣಿ ಹಾಕಿ, ವೀಣೆಯ ಧೂಳು ಒರೆಸಬಾರದೇಕೆ?