ನಾರ್ವೆಯ ಗಾಯಕಿಯೂ ನಾಡಿನ ತೀರ್ಪೂ

ಪರರ ಸೈನ್ಯವು ತನ್ನ ನಾಡನ್ನು ಆಕ್ರಮಿಸಿಕೊಂಡಿರುವಾಗ ಕಲಾವಿದರ ಧರ್ಮವಾವುದು? ದೂರದೇಶದಲ್ಲಿ ನಿಂತು ನಾಡಿನ ಪರವಾಗಿ ಧ್ವನಿಯೆತ್ತುವುದೆ? ಮನೆಗೆ ಮರಳಿ ತನ್ನವರೊಡನೆ ಇರುವುದೆ? ಇದಕ್ಕೆ ಮಾತಿನಲ್ಲಿ ಉತ್ತರ ಕೊಡುವುದು ಸುಲಭ, ಬಾಳಿನಲ್ಲಿ ಕಠಿಣ. ನಾರ್ವೆಯ ಗಾಯಕಿ ಕಿರ್ಸ್ಟೆನ್ ಫ್ಲಾಗ್‌ಸ್ಟಾಡ್ ಅವರ ಜೀವಿತವು ಇದಕ್ಕೊಂದು ನಿದರ್ಶನವಾಗಿರುವುದರಿಂದ ಅದನ್ನು ವಾಚಕರ ಮುಂದಿಡಬಯಸುತ್ತೇವೆ.

ಇವರು 1895ನೆಯ ಇಸವಿ ಜುಲೈ 12ರಂದು ಹಾಮಾರ್ ಪಟ್ಟಣದಲ್ಲಿ ಜನಿಸಿದರು. ತಂದೆ ವಾದ್ಯವೃಂದದ ನಿರ್ವಾಹಕರು. ತಾಯಿ ಪಿಯಾನೋ ವಾದನದಲ್ಲಿ ನುರಿತವರು. 1913ರಲ್ಲಿ ರಾಜಧಾನಿಯ ರಾಷ್ಟ್ರೀಯ ರಂಗಮಂದಿರದಲ್ಲಿ 'ಟೀಫ್‌ಲಾಂಡ್' ಎಂಬ ಆಪೆರಾದ ಒಂದು ಚಿಕ್ಕ ಪಾತ್ರದಿಂದ ಇವರ ರಂಗಜೀವನವು ಆರಂಭವಾಯಿತು. ನಾಟಕದ ಸಂಭಾಷಣೆಯು ಗಾನರೂಪದಲ್ಲಿಯೇ ನಡೆಯುವ ಈ ಕಲೆಗೆ ನಾರ್ವೆಯಲ್ಲಿ ಆಗ ಸ್ಥಿರವಾದ ನೆಲೆಯಿರಲಿಲ್ಲ. ಆದುದರಿಂದ ಸುಮಾರು ಇಪ್ಪತ್ತು ವರ್ಷಗಳ ಕಾಲ ಇವರು ನಾರ್ವೆ, ಸ್ವೀಡನ್ನುಗಳಲ್ಲಿಯೇ ಸಿಕ್ಕ ಪಾತ್ರಗಳನ್ನು ವಹಿಸುತ್ತ, ಹೊರಜಗತ್ತಿಗೆ ಅಪರಿಚಿತರಾಗಿಯೇ ಉಳಿದರು.

1935ನೆಯ ಫೆಬ್ರವರಿ 2ರಂದು ನ್ಯೂಯಾರ್ಕಿನ ಮೆಟ್ರೊಪಾಲಿಟನ್ ರಂಗಮಂದಿರದಲ್ಲಿ ವಾಗ್ನರನ ಕೃತಿಯೊಂದರಲ್ಲಿ ಹಾಡಿದಾಗ ಇವರಿಗೆ 39 ವರ್ಷ. ವಾಗ್ನರನ ನಾಟಕಗಳಲ್ಲಿ ಗಾಯಕರ ಧ್ವನಿಯು ಯಾವ ಯಂತ್ರದ ಸಹಾಯವೂ ಇಲ್ಲದೆ, ದೊಡ್ಡದೊಂದು ವಾದ್ಯವೃಂದವನ್ನು ದಾಟಿ ಮಂದಿರದ ಕೊನೆಯ ಸಾಲಿಗೆ ಮುಟ್ಟಬೇಕು. ಅಂತಹ ಶಾರೀರವು ಇವರದು. ಆ ದಿನದ ಗಾನವು ರೇಡಿಯೋದಲ್ಲಿಯೂ ಪ್ರಸಾರವಾಗಿ, ಇವರು ಕೆಲವೇ ದಿನಗಳಲ್ಲಿ ಅಮೆರಿಕದಲ್ಲಿ ಮನೆಮಾತಾದರು. ಡೆನ್ಮಾರ್ಕಿನ ಟೆನರ್ ಗಾಯಕ ಲೌರಿಟ್ಸ್ ಮೆಲ್ಕಿಯೋರ್ ಅವರೊಡನೆ ಇವರು ಹಾಡುತ್ತಿದ್ದ ದಿನಗಳಲ್ಲಿ ಮಂದಿರವು ತುಂಬಿ, ಆರ್ಥಿಕ ಮುಗ್ಗಟ್ಟಿನಲ್ಲಿದ್ದ ಆ ಸಂಸ್ಥೆಗೆ ಮಹತ್ತಾದ ಆಧಾರವುಂಟಾಯಿತು.

1940ನೆಯ ಏಪ್ರಿಲ್ 9ರಂದು ಜರ್ಮನರು ನಾರ್ವೆಯನ್ನು ಮುತ್ತಿದರು. ಆಗ ಫ್ಲಾಗ್‌ಸ್ಟಾಡ್ ಅವರು ಅಮೆರಿಕದಲ್ಲಿದ್ದರು. ಮರದ ವ್ಯಾಪಾರಿಯಾದ ಪತಿ ಹೆನ್ರಿ ಯೋಹಾನ್ಸೆನ್ ನಾರ್ವೆಯಲ್ಲಿದ್ದರು. ಬೇಡವೆಂದವರ ಮಾತನ್ನು ಕೇಳದೆ ಇವರು 1941ರಲ್ಲಿ ಸ್ವದೇಶಕ್ಕೆ ಮರಳಿದರು. ಯುದ್ಧಕಾಲದಲ್ಲಿ ಇವರು ಹಾಡಿದುದು ತಟಸ್ಥ ದೇಶಗಳಾದ ಸ್ವೀಡನ್ ಮತ್ತು ಸ್ವಿಟ್ಜರ್ಲೆಂಡುಗಳಲ್ಲಿ ಮಾತ್ರ. ಆದರೆ ಪತಿಯು ಕ್ವಿಸ್ಲಿಂಗನ ಪಕ್ಷದ ಸದಸ್ಯರಾಗಿದ್ದವರು. ಬಿಡುಗಡೆಯಾದೊಡನೆ, 1945ರಲ್ಲಿ, ಅವರನ್ನು ಬಂಧಿಸಲಾಯಿತು; ವಿಚಾರಣೆ ನಡೆಯುವ ಮೊದಲೇ 1946ರಲ್ಲಿ ಅವರು ತೀರಿಕೊಂಡರು.

ಪತ್ನಿಯ ಮೇಲೆ ಸರ್ಕಾರವು ಯಾವ ದೇಶದ್ರೋಹದ ಮೊಕದ್ದಮೆಯನ್ನೂ ಹೂಡಲಿಲ್ಲ. ನ್ಯಾಯಾಸ್ಥಾನವು ಹೇಳದುದನ್ನು ಜನವೇ ಹೇಳಿತು! 1947ರಲ್ಲಿ ಇವರು ಅಮೆರಿಕಕ್ಕೆ ಹೋದಾಗ ಕಚೇರಿಗಳ ಮುಂದೆ ಪ್ರತಿಭಟನೆಗಳು ನಡೆದವು. ಫಿಲಡೆಲ್ಫಿಯದಲ್ಲಿ ಸಭಾಂಗಣದೊಳಕ್ಕೆ ದುರ್ವಾಸನೆಯ ಗುಂಡುಗಳನ್ನೆಸೆದರು. 1949ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ರಂಗಮಂದಿರದ ಧರ್ಮದರ್ಶಿಗಳು ಇವರಿಗೆ ಮೊದಲು ಅವಕಾಶವನ್ನು ನಿರಾಕರಿಸಿ ಅನಂತರ ಒಪ್ಪಿದರು. ಕೊನೆಗೆ ಇವರನ್ನು ಮೆಟ್ರೊಪಾಲಿಟನ್ನಿಗೆ ಪುನಃ ಕರೆತಂದವರು ರುಡಾಲ್ಫ್ ಬಿಂಗ್. ವಿಯೆನ್ನಾದಲ್ಲಿ ಯೆಹೂದ್ಯ ಕುಟುಂಬದಲ್ಲಿ ಜನಿಸಿ, ನಾಜಿಗಳ ದೆಸೆಯಿಂದ ಜರ್ಮನಿಯನ್ನು ತೊರೆದವರು. ಕ್ಷಮಿಸುವ ಅಧಿಕಾರವು ಯಾರಿಗಾದರೂ ಇದ್ದಿದ್ದರೆ ಅಂತಹವರಿಗೇ ಅಲ್ಲವೆ?

ಈ ಕಥೆಯಲ್ಲಿ ಕನ್ನಡಿಗರು ನೆನೆಯತಕ್ಕ ಸಂಗತಿಯೊಂದುಂಟು. ಜರ್ಮನ್ ಸಂಗೀತಕಾರ ರಿಚರ್ಡ್ ಸ್ಟ್ರೌಸರು 1949ರಲ್ಲಿ ಗತಿಸುವ ಮುನ್ನ, ತಮ್ಮ ಕೊನೆಯ ಗೀತೆಗಳನ್ನು ಫ್ಲಾಗ್‌ಸ್ಟಾಡ್ ಅವರೇ ಮೊದಲು ಹಾಡಬೇಕೆಂದು ಬಯಸಿದ್ದರು. 1950ನೆಯ ಮೇ 22ರಂದು ಲಂಡನ್ನಿನ ಆಲ್ಬರ್ಟ್ ಹಾಲಿನಲ್ಲಿ ಅದು ನಡೆದಾಗ ವೆಚ್ಚಕ್ಕೆ 4,800 ಡಾಲರುಗಳ ಹೊಣೆ ಹೊತ್ತವರು ಮೈಸೂರಿನ ಜಯಚಾಮರಾಜೇಂದ್ರ ಒಡೆಯರು. ಮಹಾರಾಜರು ತಾವಾಗಿ ಹೋಗಲಾಗಲಿಲ್ಲ. ಆ ಗಾನದ ಧ್ವನಿಮುದ್ರಣವು ಅವರಿಗಾಗಿ ಮೈಸೂರಿಗೆ ಬಂದಿತು. ಅನೇಕರು ಆಕೆಗೆ ಬಾಗಿಲು ಮುಚ್ಚುತ್ತಿದ್ದ ದಿನಗಳಲ್ಲಿ ನಮ್ಮ ನಾಡಿನಿಂದ ಇಷ್ಟು ಸಹಾಯ ಸಂದಿತೆಂಬುದು ಸಂತೋಷದ ವಿಷಯ.

ಐದು ವರ್ಷ ಪರರ ಬೂಟಿನಡಿಯಲ್ಲಿ ನರಳಿದ ಜನರ ಕೋಪವು ಅಕಾರಣವೆಂದು ನಾವು ಹೇಳುವುದಿಲ್ಲ. ನಾಡು ಸಂಕಟದಲ್ಲಿರುವಾಗ ಪ್ರಸಿದ್ಧರಾದವರು ಒಂದು ಮಾತನ್ನು ಸ್ಪಷ್ಟವಾಗಿ ಆಡಲೆಂದು ಜನರು ಬಯಸುವುದು ಸಹಜ. ಆ ಮಾತು ಆಕೆಯಿಂದ ಬರಲಿಲ್ಲವೆಂಬ ನೋವು ಅವರಿಗಿತ್ತು. ಆದರೆ ಮೌನವು ಬೇರೆ, ದ್ರೋಹವು ಬೇರೆ. ಪತಿಯ ತಪ್ಪನ್ನು ಪತ್ನಿಯ ತಲೆಗೆ ಕಟ್ಟುವ ದೇಶಾಭಿಮಾನವು, ತಾನು ಯಾವ ಅನ್ಯಾಯದ ವಿರುದ್ಧ ಹೋರಾಡಿತೋ ಅದರ ಹಾದಿಯನ್ನೇ ಹಿಡಿಯುವುದಲ್ಲವೆ?

ನಾರ್ವೆಯ ಜನರು ಇದನ್ನು ತಾವೇ ಅರಿತರು. 1958ರಲ್ಲಿ ರಾಷ್ಟ್ರೀಯ ಆಪೆರಾ ಸಂಸ್ಥೆಯ ಮೊದಲ ನಿರ್ದೇಶಕ ಪದವಿಯನ್ನು ಆಕೆಗೇ ಒಪ್ಪಿಸಿದರು. 1959ರಲ್ಲಿ ಅದು ಆಡಿದ ಮೊದಲ ನಾಟಕವು ಆಕೆ 1913ರಲ್ಲಿ ಕಾಲಿಟ್ಟ ಅದೇ 'ಟೀಫ್‌ಲಾಂಡ್'. ಅನಾರೋಗ್ಯದಿಂದ 1960ರಲ್ಲಿ ಪದವಿಯನ್ನು ಬಿಟ್ಟು, 1962ನೆಯ ಡಿಸೆಂಬರ್ 7ರಂದು ಆಕೆ ಕಾಲವಾದರು. 1997ರಲ್ಲಿ ಹೊರಬಂದ 100 ಕ್ರೋನರ್ ನೋಟಿನ ಮೇಲೆ ಆಕೆಯ ಮುಖವಿತ್ತು. 2008ರಲ್ಲಿ ಆಸ್ಲೋ ನಗರದ ಕಡಲದಡದಲ್ಲಿ ತೆರೆದ ಆಪೆರಾ ಮಂದಿರದ ಮುಂದಣ ಚೌಕವು ಆಕೆಯ ಹೆಸರನ್ನು ಹೊತ್ತಿದೆ.

ಆತುರದಲ್ಲಿ ಕೊಟ್ಟ ತೀರ್ಪನ್ನು ಬದಲಿಸಿಕೊಳ್ಳಬಲ್ಲ ಜನತೆಯೇ ಸ್ವಾತಂತ್ರ್ಯಕ್ಕೆ ಯೋಗ್ಯವಾದ ಜನತೆ.