ಅತಿಮಾನುಷರ ಪರೀಕ್ಷೆ: ‘ದಿ ಬಾಯ್ಸ್’ ಮತ್ತು ಮಂಟೇಸ್ವಾಮಿ ಕಾವ್ಯ

ಒಂದು ಸಂಸ್ಕೃತಿಯು ತನ್ನ ಅತಿಮಾನುಷ ನಾಯಕರನ್ನು ಹೇಗೆ ಕೊಂಡಾಡುತ್ತದೆ ಎಂಬುದರಷ್ಟೇ ಅವರನ್ನು ಹೇಗೆ ಪರೀಕ್ಷೆಗೆ ಒಡ್ಡುತ್ತದೆ ಎಂಬುದೂ ಮುಖ್ಯವಾದುದು. ಸ್ತುತಿಯು ಅಧಿಕಾರ ತೊಡುವ ವೇಷವನ್ನು ತೋರಿಸಿದರೆ, ವಿಡಂಬನೆಯು ಆ ವೇಷದ ಒಳಗಿರುವುದನ್ನು ತೋರಿಸುತ್ತದೆ. ಈ ಹಿನ್ನೆಲೆಯಲ್ಲಿ ಅಮೆರಿಕದ ‘ದಿ ಬಾಯ್ಸ್’ ಎಂಬ ದೂರದರ್ಶನ ಧಾರಾವಾಹಿಯನ್ನೂ ಮಂಡ್ಯ, ಮೈಸೂರು, ಚಾಮರಾಜನಗರ ಸೀಮೆಯ ನೀಲಗಾರರು ಹಾಡುವ ಮಂಟೇಸ್ವಾಮಿ ಕಾವ್ಯವನ್ನೂ ಎದುರುಬದುರಾಗಿ ಇಟ್ಟು ನೋಡುವುದು ಪ್ರಸ್ತುತ ಲೇಖನದ ಉದ್ದೇಶ. ಇವೆರಡರ ನಡುವೆ ಚಾರಿತ್ರಿಕ ಸಂಬಂಧವೇನೂ ಇಲ್ಲ. ಆದರೆ ಎರಡೂ ಕೇಳುವ ಪ್ರಶ್ನೆ ಒಂದೇ: ದೊಡ್ಡವರೆಂದು ಒಪ್ಪಿತವಾದವರು ನಿಜವಾಗಿ ದೊಡ್ಡವರೇ?

1

ಗಾರ್ತ್ ಎನಿಸ್ ಮತ್ತು ಡಾರಿಕ್ ರಾಬರ್ಟ್‌ಸನ್ 2006ರಿಂದ 2012ರವರೆಗೆ ಪ್ರಕಟಿಸಿದ ಚಿತ್ರಕಥಾ ಮಾಲಿಕೆಯನ್ನು ಆಧರಿಸಿ ಎರಿಕ್ ಕ್ರಿಪ್ಕೆ ರೂಪಿಸಿದ ‘ದಿ ಬಾಯ್ಸ್’ 2019ರ ಜುಲೈನಲ್ಲಿ ಅಮೆಜಾನ್ ಸಂಸ್ಥೆಯ ಪ್ರೈಮ್ ವಿಡಿಯೊದಲ್ಲಿ ಆರಂಭವಾಯಿತು. 1938ರಲ್ಲಿ ಸೂಪರ್‌ಮ್ಯಾನ್‌ನೊಂದಿಗೆ ಬೆಳೆಯತೊಡಗಿದ ಲೋಕರಕ್ಷಕನ ಕಲ್ಪನೆಯನ್ನು ಇದು ಬುಡಮೇಲು ಮಾಡುತ್ತದೆ. ಇಲ್ಲಿನ ವೀರರು ವಾಟ್ ಎಂಬ ಕಾಲ್ಪನಿಕ ಕಂಪನಿಯ ಸರಕುಗಳು. ಅವರ ಶಕ್ತಿಯು ದೇವರ ವರವೆಂದು ಜನ ನಂಬಿದ್ದಾರೆ. ಅದು ಶಿಶುಗಳಿಗೆ ಚುಚ್ಚಿದ ರಾಸಾಯನಿಕದ ಫಲವೆಂಬುದು ಗುಟ್ಟು. ಅತಿವೇಗದ ಓಟಗಾರನೊಬ್ಬ ಹ್ಯೂಯಿ ಎಂಬ ಸಾಮಾನ್ಯ ಯುವಕನ ಪ್ರೇಯಸಿಯನ್ನು ಹಾದು ಓಡಿದಾಗ ಆಕೆಯ ದೇಹ ಛಿದ್ರವಾಗುತ್ತದೆ. ಕಂಪನಿಯು 45,000 ಡಾಲರ್ ನೀಡಿ, ಬಾಯಿ ಬಿಡದಂತೆ ಸಹಿ ಕೇಳುತ್ತದೆ. ವೀರರ ನಾಯಕ ಹೋಮ್‌ಲ್ಯಾಂಡರ್ ಅಪಹರಣಕ್ಕೊಳಗಾದ ವಿಮಾನದ ಪ್ರಯಾಣಿಕರನ್ನು ಸಾಯಲು ಬಿಟ್ಟು ಬಂದು, ಅದೇ ದುರಂತವನ್ನು ವೀರರ ಸೇನಾ ಪ್ರವೇಶದ ವಾದಕ್ಕೆ ಬಳಸುತ್ತಾನೆ. ಕೇಡು ವ್ಯಕ್ತಿಯದಷ್ಟೇ ಅಲ್ಲ, ಕೀರ್ತಿಯನ್ನು ತಯಾರಿಸಿ ಮಾರುವ ವ್ಯವಸ್ಥೆಯದು ಎಂಬುದು ಇಲ್ಲಿನ ವಿಡಂಬನೆಯ ತಿರುಳು.

2

ಮಂಟೇಸ್ವಾಮಿ ಕಾವ್ಯದ ಭೂಪಟ ಬಹುಮಟ್ಟಿಗೆ ಮದ್ದೂರು, ಮಳವಳ್ಳಿ ಸೀಮೆಯದು. ಕಥೆಯ ಸಿದ್ಧಪ್ಪಾಜಿ ಹುಟ್ಟಿದ ನಿಡಘಟ್ಟವು ಬೆಸಗರಹಳ್ಳಿಯಂತೆಯೇ ಮದ್ದೂರು ತಾಲ್ಲೂಕಿಗೆ ಸೇರಿದ್ದು. ಆತ ಕಬ್ಬಿಣದ ಭಿಕ್ಷೆಗೆ ಹೋದ ಹಲಗೂರು, ಮಂಟೇಸ್ವಾಮಿಯ ಗದ್ದುಗೆಯಿರುವ ಬೊಪ್ಪೇಗೌಡನಪುರ ಎರಡೂ ಮಳವಳ್ಳಿ ತಾಲ್ಲೂಕಿನವು. ಹಿ.ಚಿ. ಬೋರಲಿಂಗಯ್ಯನವರ ಸಂಪಾದನೆಯಲ್ಲಿ ಹಂಪಿಯ ಕನ್ನಡ ವಿಶ್ವವಿದ್ಯಾಲಯವು ಈ ಕಾವ್ಯವನ್ನು ಪ್ರಕಟಿಸಿದೆ.

ಕಾವ್ಯದ ಕಲ್ಯಾಣದ ಸಾಲಿನಲ್ಲಿ ಶರಣರು ಲಕ್ಷ ಸಂಖ್ಯೆಯಲ್ಲಿದ್ದಾರೆ. ಅವರಲ್ಲಿ ಹಲವರು ವಿಭೂತಿ ಧರಿಸಿ ದಾಸೋಹದ ಊಟಕ್ಕೆ ನೆರೆದವರು. ಅವರನ್ನು ಪರೀಕ್ಷಿಸಲು ಮಂಟೇಸ್ವಾಮಿ ಕುಷ್ಠದಿಂದ ಕೊಳೆತ, ಕೀವು ಸೋರುವ, ನೊಣ ಮುತ್ತಿದ ಮೈಯಲ್ಲಿ ಬರುತ್ತಾನೆ. ಪಾಠಾಂತರಗಳಲ್ಲಿ ವಿವರಗಳು ಬೇರೆಯಾದರೂ ಪರೀಕ್ಷೆಯ ಸ್ವರೂಪ ಸ್ಪಷ್ಟವಿದೆ. ಆ ವಾಸನೆಗೆ ಹೇಸಿದವರು ತಾವೇ ಬಯಲಾಗುತ್ತಾರೆ. ಬಸವಣ್ಣ, ನೀಲಮ್ಮ ಮಾತ್ರ ಆ ಮೈಯನ್ನು ಮುಟ್ಟಿ ಒಳಕ್ಕೆ ಕರೆದುಕೊಳ್ಳುತ್ತಾರೆ. ಕಲ್ಯಾಣದ ಆದರ್ಶವನ್ನು ಕಾವ್ಯವು ನಿರಾಕರಿಸುವುದಿಲ್ಲ ಎಂಬುದು ಗಮನಾರ್ಹ. ಆದರ್ಶದ ಹೆಸರಿನಲ್ಲಿ ಉಂಡು ಕೂತವರನ್ನು ಅದೇ ಆದರ್ಶದ ಅಳತೆಗೋಲಿನಿಂದ ಅಳೆಯುತ್ತದೆ.

ಹಲಗೂರಿನ ಸಾಲಿನಲ್ಲಿ ಪರೀಕ್ಷೆಯು ಸಂಪತ್ತಿನ ಕಡೆಗೆ ತಿರುಗುತ್ತದೆ. ಕುಲುಮೆಗಳ ಒಡೆಯರಾದ ಪಾಂಚಾಳರು ಕಬ್ಬಿಣವಿಲ್ಲವೆಂದು ಸುಳ್ಳಾಡಿ ಸಿದ್ಧಪ್ಪಾಜಿಯನ್ನು ಹಿಂಸಿಸುತ್ತಾರೆ. ಸಿದ್ಧಪ್ಪಾಜಿಯೂ ಕೆಂಪಾಚಾರಿ ಎಂಬ ಹೆಸರಿನಿಂದ ಪಾಂಚಾಳ ಮನೆಯಲ್ಲೇ ಹುಟ್ಟಿದವನು. ಆದ್ದರಿಂದ ಇದನ್ನು ಒಂದು ಜಾತಿಯ ನಿಂದೆಯಾಗಿ ಓದುವುದು ಸರಿಯಾಗದು. ಇದು ಇದ್ದೂ ಇಲ್ಲವೆನ್ನುವ ಒಡೆತನದ ವಿಮರ್ಶೆ.

3

ಎರಡು ಕಥನಗಳ ನಡುವಿನ ನಿರ್ಣಾಯಕ ವ್ಯತ್ಯಾಸವಿರುವುದು ಪರೀಕ್ಷಿಸುವವನ ನೆಲೆಯಲ್ಲಿ. ‘ದಿ ಬಾಯ್ಸ್’ನಲ್ಲಿ ಬಲಕ್ಕೆ ಬಲವೇ ಉತ್ತರವಾಗುವ ಸಂದರ್ಭಗಳು ಹೆಚ್ಚು. 2022ರ ಮೂರನೆಯ ಸರಣಿಯಲ್ಲಿ ವೀರರ ಕಡುವೈರಿ ಬುಚರ್, ಹಾಗೂ ಹ್ಯೂಯಿ ಕೂಡ, ತಾತ್ಕಾಲಿಕ ಶಕ್ತಿಗಾಗಿ ಅದೇ ರಾಸಾಯನಿಕದ ಇನ್ನೊಂದು ರೂಪವನ್ನು ಚುಚ್ಚಿಕೊಳ್ಳುತ್ತಾರೆ. ವಿರೋಧಿಸುವವನು ವಿರೋಧಕ್ಕೆ ಗುರಿಯಾದವನಂತೆಯೇ ಆಗುವ ಈ ಅಪಾಯವನ್ನು ಧಾರಾವಾಹಿ ಬಲ್ಲದು. ಆದರೆ ಅದರಿಂದ ಹೊರಬರುವ ದಾರಿ ಅದಕ್ಕೆ ಸುಲಭವಾಗಿ ಸಿಗುವುದಿಲ್ಲ. ಮಂಟೇಸ್ವಾಮಿಯು ಪರಂಜ್ಯೋತಿ, ಧರೆಗೆ ದೊಡ್ಡವನು. ಹಾಗಿದ್ದೂ ಕಲ್ಯಾಣಕ್ಕೆ ಆತ ತನ್ನ ಬಲವನ್ನು ಮೆರೆಸುತ್ತ ಬರುವುದಿಲ್ಲ, ಎಲ್ಲರೂ ದೂರವಿಡುವ ಮೈಯಾಗಿ ಬರುತ್ತಾನೆ. ಅಲ್ಲಿ ‘ಯಾರು ಗೆಲ್ಲಬಲ್ಲರು’ ಎಂಬ ಪ್ರಶ್ನೆಯ ಜಾಗದಲ್ಲಿ ‘ಯಾರು ಮುಟ್ಟಬಲ್ಲರು’ ಎಂಬ ಪ್ರಶ್ನೆ ನಿಲ್ಲುತ್ತದೆ. ಹಲಗೂರಿನಲ್ಲಿ ಪವಾಡಗಳು ನಡೆಯುವುದು ನಿಜ. ಆದರೆ ಅಲ್ಲಿಯೂ ಪವಾಡಕ್ಕೆ ಮೊದಲು ನೋವುಂಡ ದೇಹವಿದೆ. ಅಸ್ಪೃಶ್ಯತೆಯನ್ನು ಅನುಭವಿಸಿದ ಸಮುದಾಯಗಳು ಈ ಕಥೆಯನ್ನು ತಂಬೂರಿ ಹಿಡಿದು ಹಾಡುತ್ತ ಬಂದಿರುವುದನ್ನು ನೆನೆದರೆ, ಮುಟ್ಟುವಿಕೆಯೇ ಒರೆಗಲ್ಲಾದುದು ಆಕಸ್ಮಿಕವೆನಿಸುವುದಿಲ್ಲ.

ಆದರೆ ವಿಡಂಬನೆಯೂ ಸಂಸ್ಥೆಯಾಗಬಲ್ಲದು. ಕಂಪನಿಯನ್ನು ಗೇಲಿ ಮಾಡುವ ‘ದಿ ಬಾಯ್ಸ್’ ಅನ್ನು ಮಾರುವುದೂ ಒಂದು ಬೃಹತ್ ಕಂಪನಿಯೇ. ಹೋಮ್‌ಲ್ಯಾಂಡರ್‌ನನ್ನು ನಿಜವಾದ ನಾಯಕನೆಂದೇ ಮೆಚ್ಚುವ ಪ್ರೇಕ್ಷಕರೂ ಹುಟ್ಟಿಕೊಂಡರು. ಮಂಟೇಸ್ವಾಮಿ ಪರಂಪರೆಗೂ ಗದ್ದುಗೆ, ಮಠ, ಜಾತ್ರೆಗಳು ಬಂದಿವೆ. ಹಾಡುವ ನೀಲಗಾರರಲ್ಲಿ ದಲಿತರ ಸಂಖ್ಯೆ ದೊಡ್ಡದಾದರೆ, ಬೊಪ್ಪೇಗೌಡನಪುರದ ಮಠದ ಒಡೆತನ ಅರಸು ಮನೆತನದಲ್ಲಿ ವಂಶಪಾರಂಪರ್ಯವಾಗಿ ನಡೆದುಬಂದಿದೆ. ಕಲ್ಯಾಣಕ್ಕೆ ಕಾವ್ಯ ಕೇಳಿದ ಪ್ರಶ್ನೆಯಿಂದ ಕಾವ್ಯದ ಹೆಸರಿನಲ್ಲಿ ನಿಂತ ನೆಲೆಗಳನ್ನು ಹೊರಗಿಡಲು ಬಾರದು.

ಒಟ್ಟಾರೆ, ಕೆಟ್ಟ ನಾಯಕರನ್ನು ತೋರಿಸಿದ ಮಾತ್ರಕ್ಕೆ ವಿಡಂಬನೆ ಸಾರ್ಥಕವಾಗುವುದಿಲ್ಲ. ಅದು ಯಾವ ಅಳತೆಗೋಲನ್ನು ಕೇಳುಗರ ಕೈಗೆ ಕೊಡುತ್ತದೆ ಎಂಬುದು ಮುಖ್ಯ. ‘ದಿ ಬಾಯ್ಸ್’ ತನ್ನ ಪ್ರೇಕ್ಷಕರಿಗೆ ಸಂಶಯವನ್ನು ಕಲಿಸುತ್ತದೆ. ಪ್ರಚಾರವೇ ಪ್ರತಿಷ್ಠೆಯಾಗಿರುವ ಕಾಲದಲ್ಲಿ ಅದು ಸಣ್ಣ ಕೊಡುಗೆಯಲ್ಲ. ನೀಲಗಾರರ ಕಾವ್ಯವು ಸಂಶಯದ ಜೊತೆಗೆ ಒಂದು ಒರೆಗಲ್ಲನ್ನೂ ಕೊಡುತ್ತದೆ: ತಿಪ್ಪೆಯ ಪಕ್ಕದ ಮೈಯನ್ನು ಕಂಡಾಗ ದೊಡ್ಡವನೆನಿಸಿಕೊಂಡವನು ಏನು ಮಾಡುತ್ತಾನೆ ಎಂದು ನೋಡಬೇಕು. ಆ ಒರೆಗಲ್ಲಿಗೆ ಶರಣ, ಮಠಾಧಿಪತಿ, ಜನನಾಯಕ, ತೆರೆಯ ಮೇಲಿನ ವೀರ ಎಂಬ ಭೇದವಿಲ್ಲ.